ತೊಗಲು ಬೊಂಬೆಯಿಂದ ಆಟದ ಯಂತ್ರದವರೆಗೆ

ಚಿತ್ರಗಳು ಚಲಿಸುವುದನ್ನು ಕಾಣಬೇಕೆಂಬ ಆಸೆ ಮನುಷ್ಯನಿಗೆ ಇಂದು ನಿನ್ನೆ ಹುಟ್ಟಿದುದಲ್ಲ. ಅದಕ್ಕೆ ಸಾಕ್ಷಿ ಬೇಕಾದರೆ ದೂರ ಹೋಗಬೇಕಾಗಿಲ್ಲ. ರಾಯಚೂರಿನ ಕೋಟೆಗೆ ಹೋದರೆ ಸಾಕು. ಅಲ್ಲಿಯ ಗೋಡೆಯಲ್ಲಿ ನಲವತ್ತು ಅಡಿಗೂ ಮಿಕ್ಕಿದ ಉದ್ದದ ಒಂದು ಮಹಾಶಿಲೆಯನ್ನು ಕೂಡಿಸಿದ್ದಾರೆ. ಅದರ ಮೇಲಿರುವುದು ಕಾಕತೀಯರ ಕಾಲದ, ೧೨೯೪ನೆಯ ಇಸವಿಯ ತೆಲುಗು ಶಾಸನ. ಇಷ್ಟು ದೊಡ್ಡ ಕಲ್ಲನ್ನು ಇಲ್ಲಿಯವರೆಗೆ ತಂದದ್ದಾದರೂ ಹೇಗೆ ಎಂದು ನೋಡಿದವರೆಲ್ಲ ಬೆರಗಾಗುತ್ತಾರೆ. ಶಿಲ್ಪಿಯೇ ಅದಕ್ಕೆ ಉತ್ತರ ಕೊಟ್ಟಿದ್ದಾನೆ. ಬಂಡಿಯ ಮೇಲೆ ಕಲ್ಲನ್ನು ಹೇರಿ, ಉದ್ದಕ್ಕೆ ಕೋಣಗಳ ಸಾಲು ಹೂಡಿ, ಆಳುಗಳು ಅವನ್ನು ಹುರಿದುಂಬಿಸುತ್ತ ಎಳೆಸುತ್ತಿರುವ ನೋಟವನ್ನು ಅಲ್ಲಿಯೇ ಗೋಡೆಯ ಮೇಲೆ ಗೀರಿ ಬಿಡಿಸಿದ್ದಾನೆ. ಕಲ್ಲಿನ ಮೇಲಿನ ಗೆರೆಗಳು ಕದಲುವುದಿಲ್ಲ, ನಿಜ. ಆದರೆ ನೋಡುವವನ ಕಣ್ಣು ಮೊದಲ ಕೋಣದಿಂದ ಕೊನೆಯ ಗಾಲಿಯವರೆಗೆ ಸರಿಯುತ್ತ ಹೋದಂತೆ ಬಂಡಿಯೂ ಸರಿದಂತೆ ಭಾಸವಾಗುತ್ತದೆ.

ನಿಂತ ಚಿತ್ರವನ್ನು ನಡೆಯುವಂತೆ ಮಾಡುವ ಈ ಹಂಬಲ ಎಲ್ಲಿಂದ ಎಲ್ಲಿಗೆ ಬಂದು ಮುಟ್ಟಿದೆ ಎಂಬುದು ಒಂದು ಸ್ವಾರಸ್ಯವಾದ ಚರಿತ್ರೆ. ಅದರ ಇತ್ತೀಚಿನ ಅಧ್ಯಾಯವೆಂದರೆ, ಮಕ್ಕಳು ಆಡುವ ವಿಡಿಯೋ ಆಟದ ಯಂತ್ರವನ್ನೇ ಹಿಡಿದು ಚಲನಚಿತ್ರಗಳನ್ನು ತಯಾರಿಸುವುದು. ಇದಕ್ಕೆ ಮಷಿನಿಮಾ ಎಂದು ಹೆಸರು. ಹೆಸರು ಹೊಸದು, ಸಾಧನ ಹೊಸದು. ಆದರೆ ಕೆಲಸದ ರೀತಿ ನಮ್ಮ ಸೀಮೆಗೆ ಅಪರಿಚಿತವಾದುದಲ್ಲ. ಅದು ಹೇಗೆ ಎಂಬುದನ್ನು ನೋಡೋಣ.

ರಾಯಚೂರು, ಕೊಪ್ಪಳ, ಬಳ್ಳಾರಿ ಸೀಮೆಗಳಲ್ಲಿ ತೊಗಲು ಬೊಂಬೆಯಾಟ ಬಹು ಹಿಂದಿನಿಂದ ನಡೆದುಬಂದಿದೆ. ಆಡಿಸುವವರನ್ನು ಕಿಳ್ಳೇಕ್ಯಾತರೆಂದೂ ಸಿಳ್ಳೇಕ್ಯಾತರೆಂದೂ ಕರೆಯುತ್ತಾರೆ. ಮನೆಯೊಳಗೆ ಅವರು ಆಡುವುದು ಮರಾಠಿಯ ಒಂದು ಬಗೆಯ ನುಡಿ. ಪರದೆಯ ಹಿಂದೆ ಆಡಿಸುವುದು ಕನ್ನಡದ ಕಥೆ. ಆಡಿನ ಅಥವಾ ಜಿಂಕೆಯ ತೊಗಲನ್ನು ಕೂದಲು ಹೆರೆದು ತೆಳ್ಳಗೆ ಹದಮಾಡಿ, ಆಕಾರ ಕತ್ತರಿಸಿ, ಒಡವೆ ವಸ್ತ್ರಗಳ ಅಂಚು ಕಾಣುವಂತೆ ಸಣ್ಣ ಸಣ್ಣ ರಂಧ್ರಗಳನ್ನು ಕೊರೆದು, ಎರಡೂ ಬದಿಗೆ ಬಣ್ಣ ತುಂಬುತ್ತಾರೆ. ಬಿಳಿಯ ಪರದೆ, ಅದರ ಹಿಂದೆ ದೀಪ, ದೀಪಕ್ಕೂ ಪರದೆಗೂ ನಡುವೆ ಬೊಂಬೆ. ಎಣ್ಣೆಯ ದೀಪ ಹೋಗಿ ಪೆಟ್ರೋಮ್ಯಾಕ್ಸ್ ಬಂದಿತು, ಅದೂ ಹೋಗಿ ವಿದ್ಯುತ್ ದೀಪ ಬಂದಿತು. ಉಳಿದುದು ಹೆಚ್ಚು ಬದಲಾಗಲಿಲ್ಲ. ಮಳೆ ಹೋದಾಗ, ದನಕರುಗಳಿಗೆ ಬೇನೆ ಬಂದಾಗ ಊರಿನವರು ಬೊಂಬೆಯಾಟ ಆಡಿಸುತ್ತಿದ್ದುದೂ ಉಂಟು.

ಈ ಆಟದಲ್ಲಿ ಗಮನಿಸಬೇಕಾದ ಸಂಗತಿಗಳು ಮೂರು. ಮೊದಲನೆಯದು, ಬೊಂಬೆಗಳು ಮೊದಲೇ ಸಿದ್ಧವಾಗಿರುತ್ತವೆ. ಒಂದೇ ಪೆಟ್ಟಿಗೆಯಿಂದ ರಾಮಾಯಣವೂ ಹೊರಡುತ್ತದೆ, ಭಾರತವೂ ಹೊರಡುತ್ತದೆ. ಒಂದು ಕಥೆಯ ಸೇವಕ ಇನ್ನೊಂದು ಕಥೆಯಲ್ಲಿಯೂ ಸೇವಕನಾಗಿ ನಿಲ್ಲಬಹುದು. ಎರಡನೆಯದು, ಚಿತ್ರ ಆಗಿಂದಾಗಲೇ ನಡೆಯುತ್ತದೆ. ಕೈ ಆಡಿದ ಕ್ಷಣವೇ ನೆರಳೂ ಆಡುತ್ತದೆ. ಮೂರನೆಯದು, ಬೊಂಬೆಗೆ ತುಟಿಯಾಡಿಸಲು ಬರುವುದಿಲ್ಲ. ಆದ್ದರಿಂದ ಯಾರು ಮಾತಾಡುತ್ತಿದ್ದಾರೆಂಬುದನ್ನು ತಿಳಿಸಲು ಆಡಿಸುವವನು ಮಾತಿನ ಬೊಂಬೆಯನ್ನು ಅಲುಗಿಸುತ್ತಾನೆ, ಉಳಿದವನ್ನು ಸುಮ್ಮನೆ ನಿಲ್ಲಿಸುತ್ತಾನೆ. ನೋಡುವವರಿಗೆ ಇಷ್ಟು ಸಾಕು. ಈ ಮೂರು ಮಾತುಗಳನ್ನು ನೆನಪಿನಲ್ಲಿಟ್ಟುಕೊಂಡರೆ ಮುಂದಿನ ಕಥೆ ಸುಲಭವಾಗುತ್ತದೆ.

ಇಪ್ಪತ್ತನೆಯ ಶತಮಾನದಲ್ಲಿ ಚಲಿಸುವ ಚಿತ್ರದ ದಾರಿ ಬೇರೆಯಾಯಿತು. ಸಿನಿಮಾ ಬಂದಿತು, ಅದರ ಹಿಂದೆಯೇ ವ್ಯಂಗ್ಯಚಿತ್ರಗಳಿಗೆ ಜೀವ ತುಂಬುವ ಕಲೆ ಬಂದಿತು. ಜರ್ಮನಿಯ ಲೊಟ್ಟೆ ರೈನಿಗರ್ ಎಂಬಾಕೆ ಕೀಲು ಜೋಡಿಸಿದ ರಟ್ಟಿನ ನೆರಳುಬೊಂಬೆಗಳನ್ನು ಒಂದೊಂದು ಕೂದಲೆಳೆಯಷ್ಟು ಸರಿಸಿ, ಒಂದೊಂದೇ ಚಿತ್ರ ತೆಗೆದು, ಮೂರು ವರ್ಷ ದುಡಿದು, ೧೯೨೬ರಲ್ಲಿ ರಾಜಕುಮಾರ ಅಹ್ಮದನ ಸಾಹಸದ ಪೂರ್ಣ ಚಿತ್ರವನ್ನು ಹೊರತಂದಳು. ಇಂದಿಗೆ ಉಳಿದುಬಂದಿರುವ ಪೂರ್ಣಪ್ರಮಾಣದ ಅನಿಮೇಷನ್ ಚಿತ್ರಗಳಲ್ಲಿ ಅದೇ ಹಳೆಯದು. ನಮ್ಮ ದೇಶದಲ್ಲಿ ದಾದಾಸಾಹೇಬ ಫಾಲ್ಕೆಯವರು ೧೯೧೦ರ ದಶಕದಲ್ಲಿಯೇ ಬೆಂಕಿಕಡ್ಡಿಗಳನ್ನು ಹೀಗೆ ಕುಣಿಸಿ ನೋಡಿದ್ದರು. ೧೯೫೬ರಲ್ಲಿ ಡಿಸ್ನಿ ಸಂಸ್ಥೆಯಲ್ಲಿ ನುರಿತಿದ್ದ ಕ್ಲೇರ್ ವೀಕ್ಸ್ ಎಂಬವರು ಮುಂಬಯಿಯ ಫಿಲ್ಮ್ಸ್ ಡಿವಿಜನ್‌ಗೆ ಬಂದು ನಮ್ಮ ಕಲಾವಿದರಿಗೆ ಪಾಠ ಹೇಳಿದರು; ೧೯೫೭ರಲ್ಲಿ ಜಾತಕ ಕಥೆಯೊಂದನ್ನು ಆಧರಿಸಿದ ‘ದಿ ಬ್ಯಾನ್ಯನ್ ಡೀರ್’ ಸಿದ್ಧವಾಯಿತು.

ಆದರೆ ಈ ದಾರಿ ಬಹಳ ದುಬಾರಿಯ ದಾರಿ. ಸಿನಿಮಾದಲ್ಲಿ ಒಂದು ಸೆಕೆಂಡಿಗೆ ೨೪ ಚಿತ್ರಗಳು ಓಡಬೇಕು. ಹತ್ತೇ ನಿಮಿಷದ ಕಥೆಗೆ ೧೪,೪೦೦ ಚಿತ್ರಗಳ ಲೆಕ್ಕವಾಯಿತು. ಒಂದು ಚಿತ್ರವನ್ನೇ ಎರಡು ಸಲ ತೋರಿಸಿ ಉಳಿತಾಯ ಮಾಡಿದರೂ ಏಳು ಸಾವಿರಕ್ಕೆ ಕಡಿಮೆಯಾಗದು. ಬಿಡಿಸುವವರು, ಬಣ್ಣ ತುಂಬುವವರು, ಛಾಯಾಗ್ರಾಹಕರು, ಅವರ ಸಂಬಳ, ಫಿಲ್ಮಿನ ಬೆಲೆ, ಇವನ್ನೆಲ್ಲ ಹೊರಬಲ್ಲವರು ಮಹಾನಗರಗಳ ದೊಡ್ಡ ಸಂಸ್ಥೆಗಳು ಮಾತ್ರ. ಒಂದು ಪೆಟ್ಟಿಗೆ ಬೊಂಬೆಯನ್ನು ಎತ್ತಿನ ಬಂಡಿಯಲ್ಲಿ ಹೇರಿಕೊಂಡು ಊರೂರಿಗೆ ಹೋಗುತ್ತಿದ್ದ ಕಲೆ ಎಲ್ಲಿ, ಇದು ಎಲ್ಲಿ! ಚಲಿಸುವ ಚಿತ್ರ ಮಾಡುವ ಅಧಿಕಾರ ಹೀಗೆ ಸಣ್ಣ ಊರುಗಳ ಕೈತಪ್ಪಿ ಹೋಯಿತು. ಊರಿನವರು ನೋಡುವವರಾಗಿ ಉಳಿದರು.

ನೋಡುವುದರಲ್ಲಿಯಾದರೋ ರಾಯಚೂರು ಜಿಲ್ಲೆ ಒಮ್ಮೆ ದೇಶದ ಎಷ್ಟೋ ಭಾಗಗಳಿಗಿಂತ ಮುಂದಿತ್ತೆಂಬುದು ಅನೇಕರಿಗೆ ಮರೆತುಹೋಗಿದೆ. ೧೯೭೫ರ ಆಗಸ್ಟ್ ಒಂದರಿಂದ ಒಂದು ವರ್ಷದ ಕಾಲ ಅಮೆರಿಕದ ಎ.ಟಿ.ಎಸ್.-೬ ಉಪಗ್ರಹದ ನೆರವಿನಿಂದ ಆರು ರಾಜ್ಯಗಳ ಸುಮಾರು ೨,೪೦೦ ಹಳ್ಳಿಗಳಿಗೆ ದೂರದರ್ಶನವನ್ನು ತಲುಪಿಸುವ ಪ್ರಯೋಗ ನಡೆಯಿತು. ಅದೇ ‘ಸೈಟ್’ ಎಂಬ ಹೆಸರಿನ ಪ್ರಯೋಗ. ಕರ್ನಾಟಕದಿಂದ ಆರಿಸಿದ ಜಿಲ್ಲೆಗಳು ಮೂರು: ರಾಯಚೂರು, ಗುಲ್ಬರ್ಗಾ, ಬಿಜಾಪುರ. ದೊಡ್ಡ ಪಟ್ಟಣಗಳು ಎಷ್ಟೋ ಇನ್ನೂ ದೂರದರ್ಶನವನ್ನು ಕಾಣದಿದ್ದಾಗ ಈ ಜಿಲ್ಲೆಯ ಹಳ್ಳಿಗರು ಬಾನಿನಿಂದ ಇಳಿದ ಚಿತ್ರವನ್ನು ನೋಡಿದರು. ಆ ವ್ಯವಸ್ಥೆಯಲ್ಲಿ ಒಂದು ಜಾಣತನವಿತ್ತು. ಒಂದೇ ಚಿತ್ರದ ಜೊತೆಗೆ ಎರಡು ಧ್ವನಿಮಾರ್ಗಗಳು ಬರುತ್ತಿದ್ದುವು. ಒಂದರಲ್ಲಿ ಕನ್ನಡ, ಇನ್ನೊಂದರಲ್ಲಿ ತೆಲುಗು. ಚಿತ್ರ ಒಂದೇ ಆದರೂ ಧ್ವನಿ ಬದಲಾದರೆ ಕಥೆ ಕೇಳುವವನದಾಗುತ್ತದೆ ಎಂಬ ಪಾಠ ಅದರಲ್ಲಿತ್ತು. ೧೯೭೬ರ ಜುಲೈ ಕೊನೆಗೆ ಪ್ರಯೋಗ ಮುಗಿಯಿತು.

ಇನ್ನು ಆಟದ ಯಂತ್ರದ ಮಾತಿಗೆ ಬರೋಣ. ವಿಡಿಯೋ ಆಟದಲ್ಲಿ ಚಿತ್ರಗಳನ್ನು ಮೊದಲೇ ಬಿಡಿಸಿ ಸಾಲಾಗಿ ಜೋಡಿಸಿಡಲು ಆಗದು. ಆಟಗಾರ ಎಡಕ್ಕೆ ತಿರುಗುವನೋ ಬಲಕ್ಕೋ ಯಾರು ಬಲ್ಲರು? ಆದ್ದರಿಂದ ಕಂಪ್ಯೂಟರು ಆ ಲೋಕದ ಮನೆ, ಗೋಡೆ, ಗಿಡ, ಆಳು ಎಲ್ಲವನ್ನೂ ಅಳತೆಗಳ ರೂಪದಲ್ಲಿ ನೆನಪಿನಲ್ಲಿಟ್ಟುಕೊಂಡು, ಆಟಗಾರ ಗುಂಡಿ ಒತ್ತಿದಂತೆಲ್ಲ ಸೆಕೆಂಡಿಗೆ ಮೂವತ್ತು ಅರುವತ್ತು ಸಲ ಹೊಸ ಚಿತ್ರವನ್ನು ಲೆಕ್ಕಹಾಕಿ ಬಿಡಿಸುತ್ತದೆ. ಬೆಳಕು ಎಲ್ಲಿಂದ ಬೀಳಬೇಕು, ಬಿದ್ದ ವಸ್ತು ಹೇಗೆ ಉರುಳಬೇಕು ಎಂಬುದನ್ನೂ ಅದೇ ನೋಡಿಕೊಳ್ಳುತ್ತದೆ. ಈ ಎಲ್ಲ ಕೆಲಸ ಮಾಡುವ ತಂತ್ರಾಂಶಕ್ಕೆ ಗೇಮ್ ಎಂಜಿನ್ ಎನ್ನುತ್ತಾರೆ. ಒಂದು ಆಟಕ್ಕೆ ಕಟ್ಟಿದ ಎಂಜಿನ್ನು ಬೇರೆ ಆಟಗಳಿಗೂ ಒದಗುತ್ತದೆ. ಅಂದರೆ ಬೊಂಬೆ ಸಿದ್ಧ, ಪರದೆ ಸಿದ್ಧ, ದೀಪ ಸಿದ್ಧ. ಕೈ ಆಡಿದ ಕ್ಷಣವೇ ಚಿತ್ರವೂ ಆಡುತ್ತದೆ. ನಾವು ಮೊದಲು ಹೇಳಿದ ಮೂರು ಸಂಗತಿಗಳಲ್ಲಿ ಎರಡು ಇಲ್ಲಿ ಸಿಕ್ಕಿದುವು.

೧೯೯೬ರಲ್ಲಿ ಅಮೆರಿಕದ ಇಡ್ ಸಾಫ್ಟ್‌ವೇರ್ ಸಂಸ್ಥೆ ‘ಕ್ವೇಕ್’ ಎಂಬ ಆಟವನ್ನು ಹೊರತಂದಿತು. ಆಡಿದ ಆಟವನ್ನು ಮತ್ತೆ ನೋಡುವ ಅನುಕೂಲ ಅದರಲ್ಲಿತ್ತು. ಆ ದಾಖಲೆಯಲ್ಲಿ ಚಿತ್ರಗಳಿರಲಿಲ್ಲ; ಯಾರು ಎಲ್ಲಿ ನಿಂತರು, ಎತ್ತ ತಿರುಗಿದರು, ಯಾವಾಗ ಬಿದ್ದರು ಎಂಬ ವಿವರ ಮಾತ್ರ ಇರುತ್ತಿತ್ತು. ನೋಡುವವನ ಕಂಪ್ಯೂಟರು ಅದನ್ನು ಓದಿ ಚಿತ್ರವನ್ನು ಹೊಸದಾಗಿ ಬಿಡಿಸಿಕೊಳ್ಳುತ್ತಿತ್ತು. ಆದ್ದರಿಂದ ಅಂದಿನ ನಿಧಾನದ ಟೆಲಿಫೋನ್ ತಂತಿಯ ಮೇಲೂ ಅದನ್ನು ಕಳಿಸಬಹುದಾಗಿತ್ತು. ಅದೇ ವರ್ಷದ ಅಕ್ಟೋಬರಿನಲ್ಲಿ ‘ರೇಂಜರ್ಸ್’ ಎಂಬ ಆಟಗಾರರ ತಂಡದವರು ಈ ಸೌಕರ್ಯವನ್ನು ಬಳಸಿಕೊಂಡು ‘ಡೈರಿ ಆಫ್ ಎ ಕ್ಯಾಂಪರ್’ ಎಂಬ ಪುಟ್ಟ ಚಿತ್ರ ಮಾಡಿದರು. ಎರಡು ನಿಮಿಷವೂ ಇಲ್ಲ. ಮಾತೂ ಇಲ್ಲ, ಅಕ್ಷರಗಳಲ್ಲಿ ಸಂಭಾಷಣೆ. ಮೂಲೆಯಲ್ಲಿ ಅವಿತು ಕುಳಿತು ಹೋಗುಬರುವವರನ್ನು ಕೊಲ್ಲುವ ಒಬ್ಬ ಆಟಗಾರನನ್ನು ಹಿಡಿದು ನೋಡಿದರೆ, ಅವನು ಆ ಆಟವನ್ನು ರೂಪಿಸಿದವರಲ್ಲಿ ಒಬ್ಬನಾದ ಜಾನ್ ರೊಮೆರೊ ಎಂದು ತಿಳಿಯುತ್ತದೆ. ಒಂದು ವಿನೋದ, ಅಷ್ಟೆ. ಆದರೆ ಅದರಲ್ಲಿ ಕ್ಯಾಮೆರಾ ಆಟಗಾರನ ಕಣ್ಣಿನಿಂದ ಬಿಡಿಸಿಕೊಂಡು ಹೊರಗೆ ನಿಂತಿತು. ಆಟ ಹೋಗಿ ನಾಟಕವಾಯಿತು.

ಈ ಕಲೆಗೆ ಹೆಸರು ಬಂದ ಬಗೆಯೂ ತಮಾಷೆಯಾಗಿದೆ. ಮಷೀನ್, ಸಿನಿಮಾ ಎಂಬ ಎರಡು ಶಬ್ದಗಳನ್ನು ಕೂಡಿಸಿ ಆಂಥೊನಿ ಬೇಯ್ಲಿ ಎಂಬವರು ಒಂದು ಪದ ಕಟ್ಟಿದರು. ಸ್ಕಾಟ್ಲೆಂಡಿನ ಹ್ಯೂ ಹ್ಯಾನ್‌ಕಾಕ್ ಅದನ್ನು ಬರೆಯುವಾಗ ಕಾಗುಣಿತ ತಪ್ಪಿದರು. ತಪ್ಪಿದ ರೂಪದಲ್ಲಿ ಅನಿಮೇಷನ್ನಿನ ನೆರಳೂ ಬಿದ್ದು ಚೆನ್ನಾಗಿ ಕಂಡಿತು, ಅದೇ ನಿಂತಿತು. ೨೦೦೦ದ ಜನವರಿಯಿಂದ ಆ ಹೆಸರು ಲೋಕದಲ್ಲಿ ಓಡಾಡತೊಡಗಿತು.

೨೦೦೩ರಲ್ಲಿ ಅಮೆರಿಕದ ಟೆಕ್ಸಾಸ್ ರಾಜ್ಯದ ಕೆಲವು ಗೆಳೆಯರು ‘ಹೇಲೊ’ ಎಂಬ ಆಟದ ಸಿಪಾಯಿಗಳನ್ನು ಇಟ್ಟುಕೊಂಡು ‘ರೆಡ್ ವರ್ಸಸ್ ಬ್ಲೂ’ ಎಂಬ ನಗೆನಾಟಕದ ಮಾಲೆಯನ್ನು ಆರಂಭಿಸಿದರು. ಸಿಪಾಯಿಗಳ ಮುಖದ ಮೇಲೆ ಶಿರಸ್ತ್ರಾಣ, ತುಟಿ ಕಾಣುವುದಿಲ್ಲ. ಹಾಗಾದರೆ ಮಾತಾಡುತ್ತಿರುವವರು ಯಾರೆಂದು ತಿಳಿಯುವುದು ಹೇಗೆ? ಮಾತಿನ ಸಿಪಾಯಿಯ ತಲೆಯನ್ನು ಅಲುಗಿಸಿದರು, ಉಳಿದವರನ್ನು ಸುಮ್ಮನೆ ನಿಲ್ಲಿಸಿದರು! ತೊಗಲು ಬೊಂಬೆಯ ಪರದೆಯ ಹಿಂದೆ ನಮ್ಮ ಸಿಳ್ಳೇಕ್ಯಾತರು ಮಾಡುತ್ತಿದ್ದುದೂ ಇದನ್ನೇ. ಒಂದೇ ತೊಡಕು ಎದುರಾದಾಗ ದೂರದೂರದ ಜನ ಒಂದೇ ಉಪಾಯವನ್ನು ಕಂಡುಕೊಂಡರು. ಆಟದಲ್ಲಿ ಸಿಪಾಯಿಗಳ ಬಂದೂಕು ಸದಾ ಗುರಿಹಿಡಿದೇ ಇರುತ್ತಿತ್ತು. ಹರಟೆಯ ಸನ್ನಿವೇಶಕ್ಕೆ ಅದು ಒಗ್ಗದು. ಆಟದಲ್ಲಿಯ ಒಂದು ದೋಷವನ್ನು ಬಳಸಿಕೊಂಡು ಬಂದೂಕು ತಗ್ಗಿಸಿದರು. ಮರುವರ್ಷ ಬಂದ ‘ಹೇಲೊ ೨’ ಆಟದಲ್ಲಿ ಇಂಥ ಚಿತ್ರಕಾರರಿಗೆಂದೇ ಬಂದೂಕು ತಗ್ಗಿಸುವ ಅನುಕೂಲವನ್ನು ಸೇರಿಸಲಾಯಿತು. ಆ ಮಾಲೆ ೨೦೨೪ರವರೆಗೆ ನಡೆಯಿತು.

ವಿನೋದಕ್ಕೆ ಮಾತ್ರವಲ್ಲ, ನೋವಿಗೂ ಈ ಕಲೆ ಒದಗಿದೆ. ೨೦೦೫ರ ಅಕ್ಟೋಬರಿನಲ್ಲಿ ಪ್ಯಾರಿಸ್ಸಿನ ಹೊರವಲಯದಲ್ಲಿ ಪೊಲೀಸರಿಗೆ ಹೆದರಿ ಓಡಿದ ಇಬ್ಬರು ಹುಡುಗರು ವಿದ್ಯುತ್ ಕೇಂದ್ರವೊಂದರಲ್ಲಿ ಅವಿತು ಪ್ರಾಣ ಕಳೆದುಕೊಂಡರು, ಫ್ರಾನ್ಸಿನಲ್ಲೆಲ್ಲ ಗಲಭೆಗಳಾದುವು. ಪತ್ರಿಕೆಗಳಲ್ಲಿ ಬಂದುದು ಒಂದು ಬಗೆಯ ಕಥೆ. ಅಲೆಕ್ಸ್ ಚಾನ್ ಎಂಬ ತರುಣ, ಹಿಂದೆ ಸಿನಿಮಾ ಮಾಡಿದವನಲ್ಲ, ಚಿತ್ರ ತಯಾರಿಸುವ ಒಂದು ಆಟವನ್ನು ಹಿಡಿದು ಕೆಲವೇ ದಿನಗಳಲ್ಲಿ ‘ದಿ ಫ್ರೆಂಚ್ ಡೆಮಾಕ್ರಸಿ’ ಎಂಬ ಹದಿಮೂರು ನಿಮಿಷಗಳ ಚಿತ್ರ ಮಾಡಿ, ಆ ಹುಡುಗರ ಕಡೆಯ ಕಥೆಯನ್ನು ಲೋಕಕ್ಕೆ ಹೇಳಿದ. ಅದು ದೇಶವಿದೇಶಗಳಲ್ಲಿ ಚರ್ಚೆಯಾಯಿತು. ಆದರೆ ಒಂದು ಕೊರತೆ ಎದ್ದು ಕಾಣುತ್ತಿತ್ತು. ಆ ಆಟದ ಪೆಟ್ಟಿಗೆಯಲ್ಲಿ ಪ್ಯಾರಿಸ್ಸಿನ ರೈಲು ಇರಲಿಲ್ಲ. ನ್ಯೂಯಾರ್ಕಿನ ನೆಲಮಾಳಿಗೆಯ ರೈಲು ಇತ್ತು. ಪ್ಯಾರಿಸ್ಸಿನ ದುಃಖವನ್ನು ನ್ಯೂಯಾರ್ಕಿನ ರಂಗಸಜ್ಜಿಕೆಯಲ್ಲಿ ಹೇಳಬೇಕಾಯಿತು.

ನಮಗೆ ಮುಖ್ಯವಾದ ಪಾಠ ಇಲ್ಲಿಯೇ ಇದೆ. ಸಾಧನವೇನೋ ಈಗ ಕೈಗೆಟುಕುವಂತಾಗಿದೆ. ಬ್ಲೆಂಡರ್ ಎಂಬ ಚಿತ್ರತಂತ್ರಾಂಶ ೨೦೦೨ರಿಂದ ಎಲ್ಲರಿಗೂ ಮುಕ್ತ. ೨೦೧೪ರಲ್ಲಿ ಗೊಡೊ ಎಂಬ ಗೇಮ್ ಎಂಜಿನ್ನಿನ ಒಳಗುಟ್ಟನ್ನೆಲ್ಲ ಸಾರ್ವಜನಿಕರಿಗೆ ಬಿಟ್ಟುಕೊಟ್ಟರು. ೨೦೧೫ರಲ್ಲಿ ಅನ್‌ರಿಯಲ್ ಎಂಬ ಹೆಸರಾಂತ ಎಂಜಿನ್ನನ್ನು ಮುಂಗಡ ಹಣವಿಲ್ಲದೆ ಪಡೆಯುವಂತಾಯಿತು. ಅದೇ ಎಂಜಿನ್ನನ್ನು ೨೦೧೯ರಲ್ಲಿ ‘ದಿ ಮ್ಯಾಂಡಲೋರಿಯನ್’ ಎಂಬ ದೊಡ್ಡ ಧಾರಾವಾಹಿಯ ಹಿನ್ನೆಲೆ ದೃಶ್ಯಗಳಿಗೆ ಬಳಸಿದರು. ಲ್ಯಾಟ್ವಿಯಾ ಎಂಬ ಪುಟ್ಟ ದೇಶದ ಗಿಂಟ್ಸ್ ಜಿಲ್ಬಲೋಡಿಸ್ ಚಿಕ್ಕ ತಂಡದೊಡನೆ ಮಾಡಿದ ‘ಫ್ಲೋ’ ಚಿತ್ರಕ್ಕೆ ೨೦೨೫ರಲ್ಲಿ ಆಸ್ಕರ್ ಪ್ರಶಸ್ತಿ ಬಂದಿತು. ಅದನ್ನು ಮಾಡಿದ್ದು ಆಟದ ಎಂಜಿನ್ನಿನಲ್ಲಲ್ಲ, ಬ್ಲೆಂಡರಿನಲ್ಲಿ; ಆದರೂ ಚಿತ್ರ ತಡವಿಲ್ಲದೆ ಆಗಿಂದಾಗಲೇ ಮೂಡುವ ವಿಧಾನ ಎರಡಕ್ಕೂ ಸಮಾನ. ನಮ್ಮಲ್ಲಿಯೂ ಗೋವಿನ ಹಾಡಿನ ಕಥೆ ‘ಪುಣ್ಯಕೋಟಿ’ ಎಂಬ ಸಂಸ್ಕೃತ ಅನಿಮೇಷನ್ ಚಿತ್ರವಾಗಿ ೨೦೨೦ರಲ್ಲಿ ಬೆಂಗಳೂರಿನಿಂದ ಹೊರಬಂದಿತು. ಅನಿಮೇಷನ್ ಹಾಗೂ ಆಟಗಳ ಉದ್ಯಮಕ್ಕಾಗಿ ಕರ್ನಾಟಕ ಸರ್ಕಾರ ೨೦೧೨ರಲ್ಲಿಯೇ ಒಂದು ನೀತಿಯನ್ನು ಪ್ರಕಟಿಸಿತು. ಆದರೆ ಉದ್ಯಮ ಬೆಳೆದುದು ಬಹುಮಟ್ಟಿಗೆ ರಾಜಧಾನಿಯಲ್ಲಿ.

ಹೀಗೆ ಒಂದು ಶತಮಾನದ ಹಿಂದೆ ಕೈತಪ್ಪಿದ್ದ ಬೊಂಬೆಯ ಪೆಟ್ಟಿಗೆ ಮತ್ತೆ ದೇವದುರ್ಗ ಮಾನ್ವಿಗಳ ಬಾಗಿಲಿಗೆ ಬಂದಂತಾಗಿದೆ. ಆದರೆ ಪೆಟ್ಟಿಗೆ ತೆರೆದು ನೋಡಿದರೆ ಒಳಗೆ ಇರುವ ಬೊಂಬೆಗಳು ಯಾರವು? ಯುರೋಪಿನ ಕೋಟೆಗಳು, ಬಂದೂಕಿನ ಸಿಪಾಯಿಗಳು, ಅಮೆರಿಕದ ಬೀದಿಗಳು. ನಮ್ಮ ಮಣ್ಣಿನ ಮಾಳಿಗೆಯ ಮನೆ ಅಲ್ಲಿಲ್ಲ. ಇಳಕಲ್ಲ ಸೀರೆಯುಟ್ಟ ಹೆಂಗಸು ಅಲ್ಲಿಲ್ಲ. ಕಾಲುವೆಯ ಕೊನೆಯಲ್ಲಿ ನೀರಿಗೆ ಕಾದು ಕುಳಿತ ರೈತನೂ ಇಲ್ಲ. ಅಕ್ಷರದ ವಿಷಯದಲ್ಲಿಯೂ ಇದೇ ಪಾಡು. ಎಷ್ಟೋ ಎಂಜಿನ್ನುಗಳಲ್ಲಿ ಕನ್ನಡ ಬರೆದರೆ ಒತ್ತಕ್ಷರಗಳು ಚೆದುರಿ ಓದಲು ಬಾರದಂತಾಗುತ್ತಿತ್ತು. ಗೊಡೊ ಎಂಜಿನ್ನಿನ ೨೦೨೩ರ ಆವೃತ್ತಿಯಲ್ಲಿ ಈ ತೊಡಕನ್ನು ಬಿಡಿಸಿದ್ದಾರೆ. ಉಳಿದುದನ್ನು ನಾವೇ ಮಾಡಿಕೊಳ್ಳಬೇಕು. ತೊಗಲನ್ನು ಹದಮಾಡಿ ಬೊಂಬೆ ಕತ್ತರಿಸುವ ಕೆಲಸ ಎಂದಿಗೂ ಆಡಿಸುವವನ ಮನೆಯಲ್ಲಿಯೇ ಆಗತಕ್ಕದ್ದು.

ಕತ್ತರಿಸಲು ನಮೂನೆಗಳಿಗೇನು ಕೊರತೆ? ದೇವದುರ್ಗ ತಾಲೂಕಿನ ಗಬ್ಬೂರಿನಲ್ಲಿ ಹಳೆಯ ಗುಡಿಗಳೂ ಶಾಸನಗಳೂ ತುಂಬಿವೆ. ಅದೇ ತಾಲೂಕಿನ ಮೊಸರಕಲ್ಲು ಗೋಪಾಲದಾಸರ ಊರು. ಮಾನ್ವಿಯ ಕಡೆಗೆ ಬಂದರೆ ಚೀಕಲಪರವಿಯ ವಿಜಯದಾಸರು. ಮಾನ್ವಿಯಲ್ಲಿಯೇ ನೆಲಸಿ ‘ಹರಿಕಥಾಮೃತಸಾರ’ವನ್ನು ಬರೆದ ಜಗನ್ನಾಥದಾಸರು. ಹದಿನೆಂಟನೆಯ ಶತಮಾನದಲ್ಲಿ ಈ ಒಂದು ಮೂಲೆಯಿಂದ ಎದ್ದ ದಾಸರ ಪರಂಪರೆ ಚಿತ್ರವಾಗಲು ಕಾದಿದೆ. ಗುಡಿಯೊಂದನ್ನು ಸುತ್ತಲಿಂದ ಮೊಬೈಲಿನಲ್ಲಿ ನೂರಾರು ಭಾವಚಿತ್ರ ತೆಗೆದು ಕಂಪ್ಯೂಟರಿಗೆ ಕೊಟ್ಟರೆ ಅದು ಗುಡಿಯ ಆಕಾರವನ್ನು ಲೆಕ್ಕಹಾಕಿ ಎತ್ತಿ ನಿಲ್ಲಿಸುವ ವಿಧಾನ ಬಂದಿದೆ. ಕೋಟೆಯ ಗೋಡೆಯ ಮೇಲೆ ಏಳು ಶತಮಾನಗಳಿಂದ ನಿಂತಿರುವ ಕೋಣಗಳ ಬಂಡಿಯನ್ನು ನಿಜವಾಗಿಯೂ ಎಳೆಸಿ ನೋಡುವ ಕಾಲ ಇದು.

ಆದರೆ ಒಂದು ಎಚ್ಚರವನ್ನು ಹೇಳದಿದ್ದರೆ ಈ ಮಾತು ಅರ್ಧವಾಗುತ್ತದೆ. ಬೊಂಬೆ ಯಾರದು ಎಂಬ ಪ್ರಶ್ನೆ ಹೊಸ ಲೋಕದಲ್ಲಿ ಬೇಗನೆ ಎದ್ದಿತು. ಆಟಗಾರರು ಕಟ್ಟಿದ ಕಥೆ ಅವರದೇ ಆದರೂ ಅದರಲ್ಲಿ ನಟಿಸಿದ ಬೊಂಬೆಗಳು ಕಂಪೆನಿಯ ಸ್ವತ್ತು. ೨೦೦೭ರಲ್ಲಿ ಮೈಕ್ರೋಸಾಫ್ಟ್ ಮತ್ತು ಬ್ಲಿಜರ್ಡ್ ಕಂಪೆನಿಗಳು ತಮ್ಮ ಆಟಗಳಿಂದ ಇಂಥ ಚಿತ್ರ ಮಾಡುವವರು ಏನು ಮಾಡಬಹುದು, ಏನು ಮಾಡಬಾರದು ಎಂಬ ನಿಯಮಗಳನ್ನು ಹೊರಡಿಸಿದುವು. ಚಿತ್ರವನ್ನು ಮಾರಿ ಹಣ ಮಾಡುವುದಕ್ಕೆ ತಡೆಯಿತ್ತು. ಕಂಪೆನಿಗಳು ತಮ್ಮ ಬೊಂಬೆಗಳನ್ನು ಹೀಗೆ ಕಾಯ್ದುಕೊಂಡುವು. ಹಾಗಾದರೆ ನಮ್ಮ ತೊಗಲು ಬೊಂಬೆಗಳನ್ನು ಕಾಯುವವರು ಯಾರು? ಕೊಪ್ಪಳ ಸೀಮೆಯ ಮೊರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ೨೦೨೫ರಲ್ಲಿ ಪದ್ಮಶ್ರೀ ದೊರೆಯಿತು. ೧೯೯೭ರವರೆಗೆ ಕೊಪ್ಪಳವೂ ರಾಯಚೂರು ಜಿಲ್ಲೆಗೇ ಸೇರಿದ್ದುದರಿಂದ ಆ ಗೌರವದಲ್ಲಿ ನಮಗೂ ಪಾಲುಂಟು. ಬಳ್ಳಾರಿಯ ಬೆಳಗಲ್ಲು ವೀರಣ್ಣನವರು ೨೦೨೩ರಲ್ಲಿ ತೀರಿಕೊಳ್ಳುವವರೆಗೂ ಸ್ವಾತಂತ್ರ್ಯ ಹೋರಾಟದ ಕಥೆಗೆ ತೊಗಲು ಬೊಂಬೆ ಹೂಡಿ ಊರೂರು ತಿರುಗಿದರು. ಇಂಥ ಮನೆತನಗಳ ಬೊಂಬೆಗಳನ್ನು ಭಾವಚಿತ್ರ ಹಿಡಿದು ಕಂಪ್ಯೂಟರಿಗೆ ಇಳಿಸುವುದು ಒಂದು ಗಳಿಗೆಯ ಕೆಲಸ. ಹಾಗೆ ಇಳಿಸುವವರು ಬೊಂಬೆಯ ಮನೆಯವರನ್ನು ಕೇಳಿ, ಅವರ ಹೆಸರನ್ನು ಚಿತ್ರದ ಮೇಲೆ ಹಾಕಿ, ಬಂದುದರಲ್ಲಿ ಪಾಲು ಕೊಡತಕ್ಕದ್ದು. ಕಂಪೆನಿಗೊಂದು ನ್ಯಾಯ, ಸಿಳ್ಳೇಕ್ಯಾತರಿಗೊಂದು ನ್ಯಾಯ ಎಂದಾಗಬಾರದು.

ಕೊನೆಯದಾಗಿ, ರೇಡಿಯೋ ಇರುವ ಮನೆಗಳಿಗೆ ಸಂಬಂಧಿಸಿದ ಒಂದು ಮಾತು. ತುಟಿಯಾಡದ ಬೊಂಬೆಗೆ ಪ್ರಾಣ ಬರುವುದು ಧ್ವನಿಯಿಂದ. ಬೊಂಬೆ ಒರಟಾಗಿದ್ದರೂ ಮಾತು ಚೆನ್ನಾಗಿದ್ದರೆ ಜನ ಕುಳಿತು ನೋಡುತ್ತಾರೆ; ಚಿತ್ರ ಎಷ್ಟೇ ಬೆಡಗಿನದಾದರೂ ಮಾತು ಸಪ್ಪೆಯಾದರೆ ಎದ್ದು ಹೋಗುತ್ತಾರೆ. ಧ್ವನಿಯೊಂದರಿಂದಲೇ ಅರಮನೆಯನ್ನೂ ಅಡವಿಯನ್ನೂ ಕಟ್ಟುವ ವಿದ್ಯೆಯನ್ನು ಕನ್ನಡಿಗರು ಬಹು ಹಿಂದೆಯೇ ಕಲಿತಿದ್ದಾರೆ. ೧೯೩೫ರಲ್ಲಿ ಮೈಸೂರಿನಲ್ಲಿ ಗೋಪಾಲಸ್ವಾಮಿಯವರು ಆಕಾಶವಾಣಿಯನ್ನು ಆರಂಭಿಸಿದ ಕಾಲದಿಂದ, ೧೯೬೬ರಲ್ಲಿ ಗುಲ್ಬರ್ಗಾ ಕೇಂದ್ರ ತೆರೆದು ನಮ್ಮ ಸೀಮೆಯ ಮಾತು ಬಾನಿಗೇರಿದ ಕಾಲದಿಂದ, ರೇಡಿಯೋ ನಾಟಕ ಬೆಳೆದುಬಂದಿದೆ. ಉರ್ದು ತೆಲುಗುಗಳ ಲೇಪವುಳ್ಳ ರಾಯಚೂರಿನ ಆಡುಮಾತಿಗೆ ಅದರದೇ ಆದ ಸೊಗಸುಂಟು. ಒಂದು ಕಂಪ್ಯೂಟರು, ನಾಲ್ಕು ಒಳ್ಳೆಯ ಕಂಠ, ಊರಿನದೇ ಒಂದು ಕಥೆ, ಇಷ್ಟಿದ್ದರೆ ಒಂದು ಶಾಲೆಯ ಮಕ್ಕಳೂ ಕೆಲಸ ಆರಂಭಿಸಬಹುದು. ಅವರ ಮೊದಲ ಚಿತ್ರ ಎರಡು ನಿಮಿಷದ್ದೇ ಆಗಲಿ. ಈ ಕಲೆಯ ಮೊದಲ ಚಿತ್ರವೂ ಅಷ್ಟೇ ಇತ್ತು. ಆದರೆ ಅದರೊಳಗಿನ ಮನೆ ನಮ್ಮ ಮನೆಯಾಗಿರಲಿ, ಮಾತು ನಮ್ಮ ಮಾತಾಗಿರಲಿ.